ಬಾವಿಗೆ ಇಳಿಸಿದ ಡಬ್ಬಿ

ಜುಲೈ ಕೊನೆಯ ವಾರದ ಆ ಬೆಳಿಗ್ಗೆ ಕಿನು ಅರಿಮುರಾ ಅವರು ಮಹಡಿಯ ಕೋಣೆಯಲ್ಲಿ ಗೋಡೆಯಿಂದ ಗೋಡೆಗೆ ಹಗ್ಗ ಕಟ್ಟಿ, ಮರದ ಪೆಟ್ಟಿಗೆಯ ಬಟ್ಟೆಗಳನ್ನು ಒಂದೊಂದಾಗಿ ನೇತುಹಾಕುತ್ತಿದ್ದರು. ಮಳೆಗಾಲದ ತೇವ ಹೀರಿಕೊಂಡ ರೇಷ್ಮೆಗೆ ವರ್ಷಕ್ಕೊಮ್ಮೆ, ಬಿಸಿಲು ನೆತ್ತಿ ಸುಡುವ ದಿನಗಳಲ್ಲಿ, ಗಾಳಿ ಕಾಣಿಸಬೇಕು. ಕ್ಯೋತೊದ ನಿಶಿಜಿನ್ ನೇಕಾರರ ಕೇರಿಯ ಎಲ್ಲ ಮನೆಗಳಲ್ಲೂ ಆ ವಾರ ಅದೇ ಕೆಲಸ. ಅತ್ತೆಯ ಕಪ್ಪು ಕಿಮೊನೊ, ಗಂಡನ ಹಬ್ಬದ ಮೇಲಂಗಿ, ತಮ್ಮ ಮದುವೆಯ ನಡುಪಟ್ಟಿ ಎಲ್ಲ ಹಗ್ಗಕ್ಕೆ ಏರಿದವು. ಕೊನೆಗೆ ಉಳಿದದ್ದು ಕೆಳಗಿನ ಅರೆಯಲ್ಲಿ ಹಳೆಯ ಹತ್ತಿ ಬಟ್ಟೆಯಲ್ಲಿ ಸುತ್ತಿಟ್ಟ ಒಂದು ಚಪ್ಪಟೆ ತಗಡಿನ ಡಬ್ಬಿ.

ಈ ಡಬ್ಬಿಯನ್ನು ಅವರು ಕಿಟಕಿಯ ಹತ್ತಿರ ತರುವುದಿಲ್ಲ. ಉತ್ತರದ ಗೋಡೆಯ ನೆರಳಲ್ಲಿಟ್ಟು, ಮುಚ್ಚಳ ತೆಗೆದು, ಸಂಜೆಯವರೆಗೆ ಹಾಗೇ ಬಿಟ್ಟು, ಮತ್ತೆ ಮುಚ್ಚಿ ಒಳಗಿಡುತ್ತಾರೆ. ರೇಷ್ಮೆಗೆ ಆಗುವುದು ಇದಕ್ಕೂ ಆಗುತ್ತದೆ ಎಂಬುದು ಅವರ ಲೆಕ್ಕ. ಈ ವರ್ಷ ಮುಚ್ಚಳ ಬರಲಿಲ್ಲ. ಹೊಲಿಗೆಗೆ ಗುರುತು ಹಾಕುವ ಮೂಳೆಯ ಕಡ್ಡಿಯಿಂದ ಅಂಚನ್ನು ಸುತ್ತಲೂ ಮೀಟಿದಾಗ ಪಟ್ಟೆಂದು ಸಡಿಲವಾಯಿತು. ಜೊತೆಗೇ ವಾಸನೆ ಬಂತು. ಬೆವರಿನ ಬಟ್ಟೆ ಹುಳಿತಾಗ ಬರುವಂಥದ್ದು, ಆದರೆ ಮೂಗಿನ ಒಳಗೆ ಚುಚ್ಚುವಂಥದ್ದು. ಒಳಗಿದ್ದ ಫಿಲ್ಮಿನ ಸುರುಳಿಯ ಹೊರಸುತ್ತು ಜೇನು ಸವರಿದಂತೆ ಜಿಗುಟಾಗಿತ್ತು. ಡಬ್ಬಿಯ ತಳದಲ್ಲಿ ಅಲ್ಲಲ್ಲಿ ಕಂದು ಬಣ್ಣದ ಪುಡಿ ಉದುರಿತ್ತು.

ಕಿನು ಕೈ ಹಿಂದಕ್ಕೆಳೆದುಕೊಂಡು ಕೂತರು. ಗಂಡ ಯಸುಜಿ ಬದುಕಿದ್ದಾಗ ಹೇಳಿದ್ದು ಒಂದೇ ಮಾತು: "ಕಂದು ಪುಡಿ ಕಂಡ್ರೆ ಹತ್ರ ಹೋಗ್ಬೇಡ. ಆಮೇಲೆ ಅದು ಉರಿಯೋಕೆ ಬೆಂಕಿನೇ ಬೇಕಾಗಿಲ್ಲ. ಸೆಖೆ ಸಾಕು."

ಮಹಡಿಯಲ್ಲಿ ಉಸಿರು ಕಟ್ಟುವಷ್ಟು ಸೆಖೆಯಿತ್ತು. ಕೆಳಗೆ ಓಣಿಯಲ್ಲಿ ಯಾರೋ ಇದ್ದಿಲು ಹೊತ್ತಿಸುತ್ತಿದ್ದರು. ಹೊಗೆ ಕಿಟಕಿಯಿಂದ ಒಳಗೆ ಬರುತ್ತಿತ್ತು.

ಯಸುಜಿ ಸೆನ್‌ಬೊನ್ ರಸ್ತೆಯ ಒಂದು ಚಿತ್ರಮಂದಿರದಲ್ಲಿ ಪ್ರೊಜೆಕ್ಟರ್ ನಡೆಸುತ್ತಿದ್ದವರು. ಅವರ ಎಡಗೈ ಮೊಣಕೈವರೆಗೆ ಬೆಂದು ಸುಕ್ಕುಗಟ್ಟಿತ್ತು. ಹುಡುಗುಪ್ರಾಯದಲ್ಲಿ, ಮೊದಲು ಕೆಲಸ ಕಲಿತ ಮಂದಿರದಲ್ಲಿ, ಓಡುತ್ತಿದ್ದ ಫಿಲ್ಮು ಯಂತ್ರದ ಕಿಂಡಿಯಲ್ಲಿ ಸಿಕ್ಕಿಕೊಂಡು ದೀಪದ ಕಾವಿಗೆ ಹೊತ್ತಿತ್ತು. ಅವರೂ ಅವರ ಹಿರಿಯ ಜೊತೆಗಾರನೂ ಸೇರಿ ಸುರುಳಿಯನ್ನು ನೀರಿನ ತೊಟ್ಟಿಗೆ ಎತ್ತಿಹಾಕಿದರು. ಅದು ನೀರಿನೊಳಗೇ ಉರಿಯಿತು. ಹಳದಿ ಹೊಗೆ ಕಕ್ಕುತ್ತ, ತಳದಲ್ಲಿ ಕೂತು, ಕೊನೆಯ ಸುತ್ತಿನವರೆಗೆ ಉರಿಯಿತು. ಜೊತೆಗಾರ ಆ ಹೊಗೆ ಕುಡಿದು ಮೂರನೆಯ ದಿನ ತೀರಿಕೊಂಡ. ಯಸುಜಿ ಇದನ್ನು ಹೆಂಡತಿಗೆ ಹೇಳಿದ್ದು ಮದುವೆಯಾದ ಎಷ್ಟೋ ಕಾಲದ ಮೇಲೆ, ಅದೂ ಒಮ್ಮೆ ಮಾತ್ರ.

ಇಷ್ಟು ಗೊತ್ತಿದ್ದ ಮನುಷ್ಯ ಅಂಥ ಸುರುಳಿಯನ್ನು ಮನೆಗೆ ತಂದದ್ದು ಯಾಕೆ ಎಂದು ಕಿನು ಕೇಳದೆ ಇರಲಿಲ್ಲ.

"ಅಲ್ಲೇ ಬಿಟ್ರೆ ಬಾಚಣಿಗೆ ಆಗಿಬಿಡತ್ತೆ," ಎಂದಿದ್ದರಂತೆ ಯಸುಜಿ.

ತಮಾಷೆಯ ಮಾತಲ್ಲ ಅದು. ಮಾತಾಡುವ ಸಿನಿಮಾ ಬಂದ ಮೇಲೆ ಮೂಕಿ ಚಿತ್ರಗಳು ಗೋದಾಮಿನ ಕಸವಾದವು. ಕೆಲವನ್ನು ತೊಳೆದು ಬೆಳ್ಳಿ ತೆಗೆದು ಉಳಿದದ್ದನ್ನು ಕರಗಿಸಿ ಬಾಚಣಿಗೆ ಮಾಡಿದರು. ಉಳಿದವು ಆಟಿಕೆಯವರ ಪಾಲು. ಕೈಯಲ್ಲಿ ತಿರುಗಿಸುವ ತಗಡಿನ ಸಣ್ಣ ಪ್ರೊಜೆಕ್ಟರ್ ಆಗ ಮನೆಮನೆಯ ಹುಡುಗರ ಹುಚ್ಚು. ಅದಕ್ಕೆ ಹಾಕಲು ನಿಜವಾದ ಫಿಲ್ಮನ್ನೇ ಗೇಣುದ್ದ, ಮೊಳದುದ್ದ ತುಂಡು ಮಾಡಿ, ಸಣ್ಣ ಡಬ್ಬಿಗಳಲ್ಲಿ ಹಾಕಿ ಜಾತ್ರೆಗಳಲ್ಲಿ ಮಾರುತ್ತಿದ್ದರು. ಕತ್ತಿವರಸೆ ಇದ್ದ ತುಂಡಿಗೆ ಬೇಡಿಕೆ ಹೆಚ್ಚು. ಮಾಲೀಕ ಹೇಳಿದಂತೆ ಸುರುಳಿಗಳನ್ನು ಮುಂದಿಟ್ಟುಕೊಂಡು ಕತ್ತರಿ ಹಿಡಿದು ಕೂರುತ್ತಿದ್ದವರು ಯಸುಜಿಯೇ. ಒಂದನ್ನು ಮಾತ್ರ ಕತ್ತರಿಸಲಿಲ್ಲ. ಅಂಗಿಯೊಳಗೆ ಇಟ್ಟುಕೊಂಡು ಮನೆಗೆ ತಂದರು.

ಅದಕ್ಕೆ ಕಾರಣ ಚಿತ್ರಮಂದಿರದ ಬೆನ್ಶಿ. ಪರದೆಯ ಪಕ್ಕ ನಿಂತು ಎಲ್ಲ ಪಾತ್ರಗಳಿಗೂ ದನಿ ಕೊಟ್ಟು ಕಥೆ ನಡೆಸುತ್ತಿದ್ದ ಮುದುಕ. ಕೆಲಸ ಕಳೆದುಕೊಂಡು ಹೊರಡುವ ದಿನ ಆತ ಗೋದಾಮಿಗೆ ಬಂದು ಆ ಡಬ್ಬಿಯ ಮೇಲೆ ಕೈಯಿಟ್ಟು ಹೇಳಿದ್ದನಂತೆ: "ಇದ್ರಲ್ಲಿ ಒಬ್ಬ ಹೆಂಗಸು ಬರ್ತಾಳೆ ಯಸುಜಿ. ಗಂಡಸು ಹೆಣ್ಣುವೇಷ ಹಾಕಿದ್ದಲ್ಲ, ಹೆಂಗಸೇ. ಅವಳು ಬಂದಾಗ ನನಗೆ ಬಾಯಿ ಬಿಡೋಕೆ ಆಗ್ತಿರ್ಲಿಲ್ಲ. ನಾನು ಸುಮ್ಮನಿರ್ತಿದ್ದೆ, ಜನ ಅಳ್ತಿದ್ರು. ಇದನ್ನ ಮಾತ್ರ ಕತ್ತರಿಸ್ಬೇಡ ಕಣೋ."

ಯಸುಜಿ ಸಾಯುವಾಗ ಅದೇ ಮಾತನ್ನು ಹೆಂಡತಿಗೆ ದಾಟಿಸಿದರು. ಕಿನು ಆ ಚಿತ್ರವನ್ನು ನೋಡಿದವರಲ್ಲ. ಸುರುಳಿಯ ಒಂದು ಚೌಕವನ್ನೂ ಬೆಳಕಿಗೆ ಹಿಡಿದವರಲ್ಲ. ಕಿಮೊನೊಗಳನ್ನು ಬಿಚ್ಚಿ, ಒಗೆದು, ಮತ್ತೆ ಹೊಲಿದುಕೊಡುವ ಕೆಲಸದಲ್ಲಿ ಒಂಟಿಯಾಗಿ ಬದುಕು ನಡೆಸಿಕೊಂಡು, ಅವರು ಮಾತು ಉಳಿಸಿಕೊಂಡಿದ್ದರು ಅಷ್ಟೆ.

ಮಾತಿಗಿಂತ ದೊಡ್ಡದಾಗಿ ಇದ್ದದ್ದು ಭಯ. ಆ ಓಣಿಯ ಹನ್ನೊಂದು ಮನೆಗಳಿಗೆ ಗೋಡೆಗಳು ಒಂದಕ್ಕೊಂದು ಅಂಟಿಕೊಂಡಿವೆ. ಎಲ್ಲ ಮರ, ಕಾಗದ, ಒಣಗಿದ ಮಣ್ಣು. ಪ್ರತಿ ಬಾಗಿಲ ಮುಂದೆ ನೀರು ತುಂಬಿದ ಕೆಂಪು ಬಕೆಟ್ಟು, ಪ್ರತಿ ಒಲೆಯ ಮೇಲೆ ಅತಾಗೊ ಬೆಟ್ಟದಿಂದ ತಂದು ಅಂಟಿಸಿದ, ಬೆಂಕಿಯಿಂದ ಕಾಯುವ ದೇವರ ಚೀಟಿ. ಯುದ್ಧ ಮುಗಿದ ಕೆಲವು ವರ್ಷಕ್ಕೆ ಓಣಿಯ ತುದಿಯ ಕಾಜಿತಾ ಎಂಬುವರ ಮನೆಯಿಂದ ಬೆಂಕಿ ಎದ್ದು ಅಕ್ಕಪಕ್ಕದ ಎರಡು ಮನೆ ಸುಟ್ಟಿತ್ತು. ಸಾವು ಆಗಲಿಲ್ಲ. ಗಂಡ ಹೆಂಡತಿ ಇಬ್ಬರೂ ಮಸಿ ಹಿಡಿದ ಬಟ್ಟೆಯಲ್ಲೇ ಬಾಗಿಲು ಬಾಗಿಲಿಗೆ ಹೋಗಿ ನೆಲಕ್ಕೆ ಹಣೆ ಮುಟ್ಟಿಸಿದರು. ಯಾರೂ ಬೈಯಲಿಲ್ಲ. ಕೆಲವರು ಅನ್ನದ ಉಂಡೆ ಕೊಟ್ಟರು. ವಾರದೊಳಗೆ ಅವರು ಊರು ಬಿಟ್ಟಿದ್ದರು, ಮತ್ತೆ ಅವರ ಹೆಸರು ಓಣಿಯಲ್ಲಿ ಕೇಳಲಿಲ್ಲ. ಕಿನು ಅವರ ಬಾಗಿಲಿಗೂ ಬಂದು ಹಣೆ ಮುಟ್ಟಿಸಿದ್ದರು ಕಾಜಿತಾ. ಆಗಲೂ ಡಬ್ಬಿ ಮಹಡಿಯ ಮೇಲಿತ್ತು.

"ಆಮೇಲೆ ಒಂದು ದಿನಾನೂ ಬೇಸಗೇಲಿ ನಿದ್ದೆ ಅಂತ ಸರಿಯಾಗಿ ಮಾಡಿಲ್ಲ," ಎನ್ನುತ್ತಾರೆ ಅವರು. "ಕೆಳಗೆ ಮಲಗಿದ್ರೂ ಕಿವಿ ಮೇಲೇ ಇರ್ತಿತ್ತು."

ಕೊಟ್ಟುಬಿಡಬಹುದಿತ್ತು. ಈ ವಸಂತದಲ್ಲಿ ಇಶಿಗುರೊ ಎಂಬ ಐವತ್ತು ದಾಟಿದ ಮನುಷ್ಯ, ಹಳೆಯ ಸಿನಿಮಾಗಳನ್ನು ಹುಡುಕಿ ಕೂಡಿಡುವ ಕಚೇರಿಯವರು, ಹಳೆಯ ಪ್ರೊಜೆಕ್ಟರ್ ಕೆಲಸಗಾರರ ಮನೆಗಳನ್ನು ಹುಡುಕಿಕೊಂಡು ಬಂದಿದ್ದರು. ಕಿನು ಟೀ ಕೊಟ್ಟು, "ಅವರು ಹೋದ್ಮೇಲೆ ಎಲ್ಲಾ ಎಸೆದ್ಬಿಟ್ವಿ," ಎಂದಿದ್ದರು. ಇದೆ ಎಂದರೆ ಎಷ್ಟು ವರ್ಷದಿಂದ ಇದೆ ಎಂದು ಕೇಳುತ್ತಾರೆ. ಆ ಮಾತು ಗೋಡೆ ದಾಟುತ್ತದೆ. ಇಶಿಗುರೊ ತಮ್ಮ ಫೋನ್ ನಂಬರಿನ ಚೀಟಿ ಇಟ್ಟು ಹೋಗಿದ್ದರು.

ಆ ಚೀಟಿ ಹಿಡಿದು ಕಿನು ಓಣಿಯ ಬಾಯಲ್ಲಿರುವ ತಂಬಾಕಿನ ಅಂಗಡಿಯ ಫೋನಿಗೆ ಹೋದರು. ಅಂಗಡಿಯಾಕೆ ಮೊಣಕೈ ದೂರದಲ್ಲಿ ಬೀಸಣಿಗೆ ಆಡಿಸುತ್ತ ಕೂತಿದ್ದಳು.

"ಅರಿಮುರಾ ಮಾತಾಡೋದು. ವಸಂತದಲ್ಲಿ ಬಂದಿದ್ರಲ್ಲ. ಆ ಸಾಮಾನು ಕೇಳ್ಕೊಂಡು."

"ಯಾವ ಸಾಮಾನು?" ಎಂದರು ಇಶಿಗುರೊ.

"ಇಲ್ಲ ಅಂದಿದ್ನಲ್ಲ, ಅದು."

"ಇದೆಯಾ?"

"ಬೆವರ್ತಾ ಇದೆ," ಎಂದರು ಕಿನು. "ವಾಸನೆ ಬರ್ತಿದೆ. ಪುಡಿ ಬಿದ್ದಿದೆ."

"ಅರಿಮುರಾಸಾನ್, ಕೇಳಿ. ಎಲ್ಲಿಗೂ ಎತ್ಕೊಂಡು ಬರ್ಬೇಡಿ. ಬೆಂಕಿ ಹತ್ರ ಬೇಡ. ತಂಪಾದ ಜಾಗದಲ್ಲಿ ಇಡಿ, ನಾನು ಈಗ್ಲೇ ಹೊರಡ್ತೀನಿ. ಇನ್ನೊಂದು ವಿಷಯ, ಮುಚ್ಚಳ..." ಅಷ್ಟಕ್ಕೆ ನಾಣ್ಯ ತೀರಿ ಸದ್ದು ಕಡಿಯಿತು.

"ಯಾರಿಗೆ ಮೈ ಸರಿಯಿಲ್ಲ ಕಿನುಸಾನ್?" ಎಂದಳು ಅಂಗಡಿಯಾಕೆ.

"ನಮ್ಮ ಚಿಕ್ಕಮ್ಮ."

"ಸತ್ತಿದ್ರಲ್ಲ ಅವ್ರು?"

"ಇನ್ನೊಬ್ರು," ಎಂದು ಕಿನು ತಿರುಗಿ ನೋಡದೆ ನಡೆದರು.

ತಂಪಾದ ಜಾಗ ಎಂದರೆ ಆ ಓಣಿಯಲ್ಲಿ ಯಾರನ್ನು ಕೇಳಿದರೂ ಒಂದೇ ಉತ್ತರ. ಓಣಿಯ ಕೊನೆಯಲ್ಲಿ ಎಲ್ಲರಿಗೂ ಸೇರಿದ ಬಾವಿಯಿದೆ. ಬೇಸಗೆಯಲ್ಲಿ ಕಲ್ಲಂಗಡಿಯನ್ನು ಬುಟ್ಟಿಗೆ ಹಾಕಿ ನೀರು ಮುಟ್ಟುವ ಹಾಗೆ ಹಗ್ಗದಲ್ಲಿ ಇಳಿಬಿಡುತ್ತಾರೆ. ಮನೆಯಲ್ಲಿ ಫ್ರಿಜ್ ಇದ್ದವರೂ ಕಲ್ಲಂಗಡಿಯನ್ನು ಬಾವಿಗೇ ಕೊಡುತ್ತಾರೆ. ಕಿನು ಮಹಡಿಗೆ ಹೋಗಿ ಉಸಿರು ಬಿಗಿಹಿಡಿದು ಡಬ್ಬಿಯ ಮುಚ್ಚಳವನ್ನು ಒತ್ತಿ ಮುಚ್ಚಿದರು. ನೀರು ಹನಿ ಒಳಗೆ ಹೋಗದಿರಲಿ ಎಂದು ಎಣ್ಣೆಕಾಗದದಲ್ಲಿ ಎರಡು ಸುತ್ತು ಸುತ್ತಿ, ಮೇಲೆ ಬಟ್ಟೆ ಕಟ್ಟಿ, ಕೂಸನ್ನು ಎತ್ತಿಕೊಂಡಂತೆ ಎದೆಗೆ ಅವುಚಿಕೊಂಡು ಇಳಿದರು.

ಹೊರಗೆ ಎದುರುಮನೆಯ ಗೃಹಿಣಿ ಒತೊಸೆ ಬಾಗಿಲ ಮುಂದೆಯೇ ಇದ್ದಿಲ ಒಲೆಯಿಟ್ಟು ಹಾವುಮೀನು ಸುಡುತ್ತಿದ್ದರು. ಅದು ಹಾವುಮೀನು ತಿನ್ನುವ ದಿನ. ಕೊಬ್ಬು ಕೆಂಡಕ್ಕೆ ತೊಟ್ಟಿಕ್ಕಿದಾಗಲೆಲ್ಲ ಕಿಡಿ ಮೊಣಕಾಲೆತ್ತರಕ್ಕೆ ಹಾರುತ್ತಿತ್ತು. ಬಾವಿಗೆ ಹೋಗಲು ಬೇರೆ ದಾರಿಯಿಲ್ಲ.

"ಏನ್ ಕಿನುಸಾನ್ ಅದು, ಕಲ್ಲಂಗಡಿನಾ?" ಎಂದರು ಒತೊಸೆ, ಬೀಸಣಿಗೆ ನಿಲ್ಲಿಸದೆ.

"ಹೂಂ. ಸಣ್ಣದು."

"ಒಬ್ರಿಗೋಸ್ಕರ ಇಡೀ ಹಣ್ಣು! ಹೊಟ್ಟೆ ಕೆಟ್ರೆ ನನ್ನ ಬಾಗಿಲು ಬಡೀಬೇಡಿ ಆಮೇಲೆ. ಅಲ್ಲಾ, ಗೋಡೆ ಸವರ್ಕೊಂಡು ಯಾಕ್ ಹೋಗ್ತಿದ್ದೀರಿ? ನಾನೇನು ನಿಮ್ಮನ್ನೂ ಸುಟ್ಬಿಡ್ತೀನಾ?"

ಕಿನು ನಕ್ಕಂತೆ ಮಾಡಿದರು. ಬಾವಿಯಲ್ಲಿ ಒತೊಸೆಯ ಬುಟ್ಟಿ ಆಗಲೇ ತೂಗುತ್ತಿತ್ತು. ತಮ್ಮ ಬುಟ್ಟಿಯನ್ನು ನೀರಿಗೆ ತಾಗದಂತೆ ಅರ್ಧಕ್ಕೆ ನಿಲ್ಲಿಸಬೇಕು, ಹಗ್ಗ ಗಿಡ್ಡ ಕಟ್ಟಬೇಕು. ಒದ್ದೆ ಗೋಡೆಗೂ ತಾಗದಂತೆ ನಡುವಿನ ಕೊಕ್ಕೆಯೇ ಬೇಕೆಂದು ಒತೊಸೆಯ ಹಗ್ಗವನ್ನು ಬಿಚ್ಚಿ ಪಕ್ಕದ ಕೊಕ್ಕೆಗೆ ಹಾಕಿ, ಆ ಜಾಗದಲ್ಲಿ ತಮ್ಮದನ್ನು ಕಟ್ಟಿದರು. ಗಂಟನ್ನು ಮೂರು ಸಲ ಎಳೆದು ನೋಡಿದರು.

ಆಮೇಲೆ ಮನೆಯೊಳಗೆ ಬಂದು, ಬಾಗಿಲ ಮರದ ಜಾಲರಿಯ ಹಿಂದೆ ಕೂತು ಬಾವಿಯನ್ನೇ ನೋಡುತ್ತಿದ್ದರು. ಮಗ್ಗಗಳ ಸದ್ದು ಎಂದಿನಂತೆ ಇತ್ತು. ಒಂದೊಂದು ಸಲ ಬಾವಿಯ ಬಾಯಿಂದ ಏನೋ ಹಳದಿಯಾದದ್ದು ಏಳುತ್ತಿದೆ ಅನಿಸುತ್ತಿತ್ತು. ಕಣ್ಣುಜ್ಜಿಕೊಂಡು ನೋಡಿದರೆ ಬಿಸಿಲು. ಬೆಂಕಿ ಎದ್ದರೆ ಮೊದಲು ಯಾರ ಮನೆ, ಆಮೇಲೆ ಯಾರದು, ಬಾವಿಯ ಪಕ್ಕದ ಮನೆಯ ನಡೆಯಲಾಗದ ಅಜ್ಜಿಯನ್ನು ಯಾರು ಎತ್ತುತ್ತಾರೆ ಎಂದು ಮನಸ್ಸು ತಾನಾಗಿ ಲೆಕ್ಕ ಹಾಕುತ್ತಿತ್ತು. ಯಾವ ಬಾಗಿಲಿಗೆ ಮೊದಲು ಹೋಗಿ ಹಣೆ ಮುಟ್ಟಿಸಬೇಕು ಎನ್ನುವುದನ್ನೂ.

ಮಧ್ಯಾಹ್ನದ ಊಟದ ಹೊತ್ತಿಗೆ ಒತೊಸೆ ಒಲೆಯ ಮೇಲೆ ಕೊನೆಯ ತುಂಡುಗಳನ್ನು ಬಿಟ್ಟು ಕಲ್ಲಂಗಡಿ ತರಲು ಎದ್ದರು. ಕಿನು ನೋಡನೋಡುತ್ತಿದ್ದಂತೆ ಅವರ ಕೈ ಎಂದಿನ ಕೊಕ್ಕೆಗೆ ಹೋಯಿತು. ಹಗ್ಗ ಎಳೆದರು. ಬುಟ್ಟಿ ಹಗುರವಾಗಿ ಮೇಲೆ ಬಂತು.

"ಕಿನುಸಾನ್!" ಎಂದು ಕೂಗಿದರು ಓಣಿಗೆಲ್ಲ ಕೇಳುವಂತೆ. "ನಿಮ್ಮ ಕಲ್ಲಂಗಡಿ ಚಪ್ಪಟೆಯಾಗಿ ಹೋಗಿದೆಯಲ್ರೀ!"

ನಗುತ್ತ, ಗಂಟನ್ನು ಕಂಕುಳಲ್ಲಿ ಇರುಕಿಕೊಂಡು, ಕೊಟ್ಟು ಹೋಗೋಣವೆಂದು ಅವರು ಈ ಕಡೆ ನಡೆದರು. ಒಲೆ ದಾರಿಯಲ್ಲೇ ಇತ್ತು.

ಮರದ ಮೆಟ್ಟು ಹಾಕಿಕೊಳ್ಳದೆ, ಕೂದಲು ಸರಿಮಾಡಿಕೊಳ್ಳದೆ ಕಿನು ಅರಿಮುರಾ ಓಣಿಗೆ ಓಡಿದ್ದನ್ನು ಅಲ್ಲಿನವರು ಯಾರೂ ಹಿಂದೆ ಕಂಡಿರಲಿಲ್ಲ. "ಒಲೆ ಹತ್ರ ಬರ್ಬೇಡಿ! ಅಲ್ಲೇ ನಿಲ್ಲಿ! ಬೇಡಾ!"

ಒಂದು ಮಗ್ಗ ನಿಂತಿತು. ಆಮೇಲೆ ಇನ್ನೊಂದು. ಬಾಗಿಲುಗಳು ಸರಿದವು.

"ಏನಾಯ್ತ್ರೀ ನಿಮಗೆ?" ಒತೊಸೆ ಇದ್ದಲ್ಲೇ ನಿಂತಿದ್ದರು. "ಏನಿದೆ ಇದ್ರಲ್ಲಿ?"

"ಫಿಲ್ಮು. ಯಸುಜಿದು. ಹಳೇದು."

"ಸಿನಿಮಾ ಫಿಲ್ಮಾ? ಅದಕ್ಕೆ ಹೀಗೆ ಓಡಿ ಬರೋದಾ?"

"ಹೊತ್ಕೊಳ್ಳತ್ತೆ ಅದು."

"ಹೊತ್ಕೊಂಡ್ರೆ ನೀರು ಹಾಕಿದ್ರಾಯ್ತು." ಒತೊಸೆ ಪಕ್ಕದ ಕೆಂಪು ಬಕೆಟ್ಟಿನ ಕಡೆ ಗಲ್ಲ ತೋರಿದರು.

"ನೀರಲ್ಲೂ ಉರಿಯತ್ತೆ," ಎಂದರು ಕಿನು.

ಒತೊಸೆ ಡಬ್ಬಿಯನ್ನು ಎರಡೂ ಕೈಯಲ್ಲಿ ಮುಂದೆ ಚಾಚಿ ಹಿಡಿದು, ಹಿಂದೆ ಹಿಂದೆ ಹೆಜ್ಜೆಯಿಡುತ್ತ ಹೋಗಿ ಬಾವಿಕಟ್ಟೆಯ ಮೇಲಿಟ್ಟರು. ಆಮೇಲೆ ಬಂದು ಇಕ್ಕಳದಿಂದ ಕೆಂಡಗಳನ್ನು ಒಂದೊಂದಾಗಿ ಕೆಂಡ ಆರಿಸುವ ಮಡಕೆಗೆ ಹಾಕಿ ಮುಚ್ಚಳ ಮುಚ್ಚಿದರು. ಹಾವುಮೀನು ಅರ್ಧ ಬೆಂದು ಅಲ್ಲೇ ಉಳಿಯಿತು.

"ಬೆಳಿಗ್ಗೆಯಿಂದ ನಾನು ಇಲ್ಲಿ ಬೀಸ್ತಾ ಕೂತಿದ್ದೆ," ಎಂದರು ಮೆಲ್ಲಗೆ. "ನೀವು ಹಾಗೇ ಪಕ್ಕದಲ್ಲಿ ಹೋದ್ರಿ. ಕಲ್ಲಂಗಡಿ ಅಂದ್ರಿ."

ಅವರ ಗಂಡ ಸುಗಿಮೊರಿ ಬಂದರು, ಮಗ್ಗದ ದಾರದ ಎಳೆಗಳು ಅಂಗಿಗೆ ಅಂಟಿಕೊಂಡೇ ಇದ್ದವು. ಓಣಿಯ ಸಂಘಕ್ಕೆ ಮುಖ್ಯಸ್ಥರು ಅವರೇ. ವಿಷಯ ಕೇಳಿ, ಕಿನು ಅವರ ಮುಂದೆ ಬಂದು ನಿಂತರು.

"ಎಷ್ಟು ಕಾಲದಿಂದ?"

"ಯುದ್ಧಕ್ಕೆ ಮುಂಚಿನಿಂದ."

"ಕಾಜಿತಾ ಮನೆಯೋರು ಹೋದಾಗ?"

"ಇತ್ತು."

"ಅವರು ನಿಮ್ಮ ಬಾಗಿಲಿಗೂ ಬಂದು ತಲೆಬಾಗಿದ್ರು. ಅಲ್ವಾ?"

"ಹೌದು," ಎಂದು ಕಿನು ಅಲ್ಲೇ, ಬರಿಗಾಲಲ್ಲಿ, ಬಿಸಿ ಕಲ್ಲುಹಾಸಿನ ಮೇಲೆ ಮಂಡಿಯೂರಿದರು. ಯಾರೂ ಏಳಿ ಎನ್ನಲಿಲ್ಲ. ಕಾಜಿತಾಗೂ ಯಾರೂ ಎಂದಿರಲಿಲ್ಲ. ತಮ್ಮ ಮನೆಯ ಸಾಮಾನನ್ನು ಒಂದು ತಳ್ಳುಗಾಡಿಗೆ ಹಾಕಿದರೆ ಎಷ್ಟು ಹಿಡಿಯಬಹುದು ಎಂದು ತಲೆಯಲ್ಲಿ ಬಂತು ಎನ್ನುತ್ತಾರೆ ಅವರು.

ಇಶಿಗುರೊ ಬಂದದ್ದು ಆಗ. ಸಣ್ಣ ವ್ಯಾನನ್ನು ಓಣಿಯ ಬಾಯಲ್ಲಿ ನಿಲ್ಲಿಸಿ ಬೆವರು ಒರೆಸಿಕೊಳ್ಳುತ್ತ ಬಂದವರು, ಬಾವಿಕಟ್ಟೆಯ ಮೇಲಿನ ಗಂಟನ್ನು ನೋಡಿ, ಯಾರಿಗೂ ನಮಸ್ಕಾರ ಹೇಳದೆ ನೆರಳಿನಲ್ಲಿ ಕೂತು ಬಿಚ್ಚತೊಡಗಿದರು.

"ಬಾವೀಲಿ ಇಟ್ಟಿದ್ರಾ?"

"ತಂಪಾದ ಜಾಗ ಅಂದ್ರಿ," ಎಂದರು ಕಿನು.

ಇಶಿಗುರೊ ಒಂದು ಕ್ಷಣ ಕಣ್ಣು ಮುಚ್ಚಿಕೊಂಡರು. "ಮುಚ್ಚಳ ತೆಗೆದೇ ಇಡಿ ಅನ್ನೋಷ್ಟರಲ್ಲಿ ಫೋನು ಹೋಯ್ತು. ಮುಚ್ಚಿಟ್ರೆ ಅದು ತನ್ನ ಉಸಿರನ್ನ ತಾನೇ ಕುಡಿದು ಕೊಳೆಯತ್ತೆ. ಬಾವಿಯ ತೇವ ಬೇರೆ. ಹಣ್ಣಿಗಾದ್ರೆ ಸರಿ."

ಮುಚ್ಚಳ ತೆರೆದಾಗ ಸುತ್ತ ನಿಂತವರೆಲ್ಲ ಒಂದು ಹೆಜ್ಜೆ ಹಿಂದೆ ಸರಿದರು. ಹೊರಗಿನ ಸುತ್ತುಗಳು ಬೆಳಿಗ್ಗೆಗಿಂತ ಹೆಚ್ಚು ಅಂಟಾಗಿ ಒಂದರೊಳಗೊಂದು ಕಲಸಿಹೋಗಿದ್ದವು. ಇಶಿಗುರೊ ತೆಳುವಾದ ಬಿದಿರಿನ ಕಡ್ಡಿಯಿಂದ ಅಂಚನ್ನು ಒಳಮುಖವಾಗಿ ಪರೀಕ್ಷಿಸುತ್ತ ಹೋದರು. ಒಂದು ಕಡೆ ಕಡ್ಡಿ ನಿಂತಿತು. ಅಲ್ಲಿಂದ ಒಳಗೆ ಸುರುಳಿ ಒಣಗಿತ್ತು, ಸುತ್ತು ಸುತ್ತಾಗಿ ಬಿಡಿಯಾಗಿತ್ತು.

"ಇದೇನು ಆಶ್ಚರ್ಯ," ಎಂದರು. "ಇಷ್ಟು ಹಳೇದು ನನಗೆ ಸಿಕ್ಕಿದ್ದೆಲ್ಲಾ ಇಟ್ಟಿಗೆ ಪುಡಿ ಆಗಿತ್ತು. ಇದನ್ನ ತೆರೀತಿದ್ರಾ?"

"ವರ್ಷಕ್ಕೊಂದು ದಿನ. ಬಟ್ಟೆ ಜೊತೆ. ಮಹಡೀಲಿ."

"ಯಾವಾಗ?"

"ಈ ವಾರದಲ್ಲೇ."

"ವರ್ಷದಲ್ಲಿ ಎಲ್ಲಕ್ಕಿಂತ ಸೆಖೆಯ ವಾರದಲ್ಲಿ, ಹೆಂಚಿನ ಕೆಳಗೆ." ಇಶಿಗುರೊ ತಲೆ ಅಲ್ಲಾಡಿಸಿದರು. "ಆ ಗಾಳಿಯಿಂದಾನೇ ಇದು ಉಳಿದಿದೆ. ಆ ಸೆಖೆಗೆ ಯಾವ ವರ್ಷ ಬೇಕಾದ್ರೂ ಹೋಗ್ಬಹುದಿತ್ತು. ಮನೇನೂ ಹೋಗ್ತಿತ್ತು. ಬರೀ ಅದೃಷ್ಟ ಅರಿಮುರಾಸಾನ್, ಬೇರೇನಲ್ಲ."

ಆಮೇಲೆ ಅವರು ಚೀಲದಿಂದ ಕತ್ತರಿ ತೆಗೆದರು. ಹೊರಗಿನ ಕೊಳೆತ ಭಾಗವನ್ನು ಈಗಲೇ ಬೇರ್ಪಡಿಸದಿದ್ದರೆ ಸಂಜೆಯೊಳಗೆ ಒಳಗಿನದಕ್ಕೂ ಹತ್ತುತ್ತದೆ, ಅದನ್ನು ವ್ಯಾನಿನಲ್ಲಿ ಒಯ್ಯುವ ಹಾಗೂ ಇಲ್ಲ ಎಂದು ಹೇಳಿದರು. ನಿಮ್ಮದು, ನೀವು ಹೂಂ ಅನ್ನಬೇಕು ಎಂದರು.

"ಕತ್ತರಿಸ್ಬೇಡ ಅಂದಿದ್ರು," ಎಂದರು ಕಿನು.

"ಗೊತ್ತಿದ್ದೇ ಹೇಳಿರ್ತಾರೆ. ಆಗ ಕತ್ತರಿ ಹಾಕಿದ್ರೆ ಹೋಗ್ತಿತ್ತು. ಈಗ ಹಾಕ್ದಿದ್ರೆ ಹೋಗತ್ತೆ."

"ಆ ಹೆಂಗಸು ಹೊರಗಡೆ ಇದ್ದಾಳಾ, ಒಳಗಡೆನಾ?"

ಅವರಿಗೆ ಅರ್ಥವಾಗಲಿಲ್ಲ. ಕಿನು ಬೆನ್ಶಿ ಮುದುಕ ಹೇಳಿದ್ದನ್ನು ಹೇಳಿದರು. ಇಶಿಗುರೊ ಕತ್ತರಿ ಕೆಳಗಿಟ್ಟು, ಒಣಗಿದ ಭಾಗವನ್ನು ಬಹಳ ನಿಧಾನಕ್ಕೆ ಬಿಡಿಸಿ, ಆಕಾಶದ ಕಡೆ ಹಿಡಿದು, ಸಣ್ಣ ಮಸೂರದಿಂದ ನೋಡುತ್ತ ಹೋದರು. ಒಂದು ಕಡೆ ನಿಲ್ಲಿಸಿ, ಮಸೂರವನ್ನು ಕಿನು ಅವರ ಕೈಗೆ ಕೊಟ್ಟರು.

ಉಗುರಿನಷ್ಟು ದೊಡ್ಡ ಚೌಕದಲ್ಲಿ, ಕೇರಿಯ ಪಕ್ಕದ ಹೊರಿಕಾವಾ ಹೊಳೆಯ ಮೊಣಕಾಲುದ್ದ ನೀರಿನಲ್ಲಿ ನಿಂತು, ಉದ್ದನೆಯ ಬಟ್ಟೆಯನ್ನು ಜಾಲಾಡುತ್ತ ಒಬ್ಬ ಹೆಂಗಸು ಹಿಂದಕ್ಕೆ ತಿರುಗಿ ನೋಡುತ್ತಿದ್ದಳು. ಮುಖಕ್ಕೆ ನಾಟಕದ ಬಿಳಿ ಬಣ್ಣವಿಲ್ಲ. ಚಳಿಗೆ ಕೆಂಪಾದ ಮೂಗು ಫಿಲ್ಮಿನಲ್ಲಿ ಕಪ್ಪಾಗಿತ್ತು. ಯಾರೋ ಕರೆದರೆಂದು ಬೆಚ್ಚಿದ ನೋಟ.

ಇಶಿಗುರೊ ಹೇಳಿದ್ದರ ಸಾರ ಇಷ್ಟು. ಆ ಕಾಲದ ಚಿತ್ರಗಳಲ್ಲಿ ಹೆಣ್ಣಿನ ಪಾತ್ರವೆಲ್ಲ ನಾಟಕದ ಗಂಡಸರದು. ಕ್ಯಾಮೆರಾ ದೂರದಲ್ಲಿ, ನಾಟಕದ ಕುರ್ಚಿಯಲ್ಲಿ ಕೂತವರ ಹಾಗೆ, ಅಲ್ಲಾಡದೆ ನಿಂತಿರುತ್ತಿತ್ತು. ಹೆಂಗಸರು ಪರದೆಗೆ ಬಂದದ್ದು ಎಷ್ಟೋ ವರ್ಷ ಕಳೆದ ಮೇಲೆ ಎಂದು ಅವರೂ ಓದಿಕೊಂಡಿದ್ದರು. ಇಲ್ಲಿ, 1912ಕ್ಕೆ ಶುರುವಾದ ತೈಶೊ ಯುಗದ ಮೊದಲ ವರ್ಷಗಳಲ್ಲೇ, ಕ್ಯಾಮೆರಾದವನು ನೀರಿಗಿಳಿದು ಹತ್ತಿರ ಹೋಗಿದ್ದಾನೆ. ಬಹುಶಃ ವೇಷದ ನಟ ಚಳಿಗಾಲದ ಹೊಳೆಗೆ ಇಳಿಯಲು ಒಪ್ಪಲಿಲ್ಲ, ದಡದಲ್ಲಿ ಬಣ್ಣದ ಬಟ್ಟೆ ಒಗೆಯುತ್ತಿದ್ದವಳನ್ನೇ ನಿಲ್ಲಿಸಿದರು. ಅದು ಅವರ ಊಹೆ.

"ಅವತ್ತಿನ ಚಿತ್ರ ನೂರಕ್ಕೆ ಒಂದೂ ಉಳಿದಿಲ್ಲ," ಎಂದರು. "ತೋಕಿಯೊದಲ್ಲಿ ಭೂಕಂಪದ ಬೆಂಕಿ ಸುಟ್ಟಿತು. ಒಸಾಕಾದಲ್ಲಿ ಬಾಂಬು. ಕ್ಯೋತೊದಲ್ಲಿ ಕತ್ತರಿನೇ ಸಾಕಾಯ್ತು."

ಕಿನು ಮಸೂರ ಹಿಂದಕ್ಕೆ ಕೊಟ್ಟು, "ಹೊರಗಿಂದು ಕತ್ತರಿಸಿ," ಎಂದರು. ಕತ್ತರಿ ಆಡಿದಾಗ ಮುಖ ತಿರುಗಿಸಿಕೊಂಡರು. ಚಿತ್ರದ ಮೊದಲ ಭಾಗ, ಹೆಸರು ಇದ್ದ ತುಂಡೂ ಸೇರಿ, ಇಶಿಗುರೊ ತಂದಿದ್ದ ಮರಳು ತುಂಬಿದ ಬಕೆಟ್ಟಿಗೆ ಹೋಯಿತು.

ಸುಗಿಮೊರಿ ಇಷ್ಟೂ ಹೊತ್ತು ಕೈಕಟ್ಟಿ ನಿಂತಿದ್ದರು. "ಸಿನಿಮಾ ದೊಡ್ಡದೇ ಇರ್ಬಹುದು," ಎಂದರು. "ಇಲ್ಲಿ ಮಕ್ಕಳು ಮಲಗ್ತಾರೆ. ಸಂಘ ಸೇರಿಸ್ತೀನಿ. ಈ ಓಣೀಲಿ ಇಂಥದ್ದು ಇಟ್ಕೊಂಡು..."

"ರೀ," ಎಂದರು ಒತೊಸೆ.

"ನೀನು ಸುಮ್ನಿರು."

"ನಿಮ್ಮ ಡಬ್ಬಿ?"

"ಯಾವ ಡಬ್ಬಿ?"

"ಚಿಕ್ಕೋರಿದ್ದಾಗ ಜಾತ್ರೇಲಿ ತಗೊಂಡಿದ್ದು. ಕತ್ತಿ ಹಿಡ್ಕೊಂಡು ಹಾರೋದು. ವರ್ಷವರ್ಷ ಹೊಸವರ್ಷದಲ್ಲಿ ತೆಗೆದು, ಇದೇ ನನ್ನ ಆಸ್ತಿ ಅಂತೀರಲ್ಲ. ಒಲೆ ಮೇಲಿನ ಹಲಗೇಲಿ ಇದೆಯಲ್ಲ."

ಸುಗಿಮೊರಿ ಇಶಿಗುರೊ ಕಡೆ ನೋಡಿದರು. ಇಶಿಗುರೊ ನಿಧಾನವಾಗಿ ಎದ್ದು ನಿಂತರು. "ಅದೂ ಇದೇ," ಎಂದರು. "ಇಂಥದ್ದನ್ನೇ ಕತ್ತರಿಸಿ ಮಾರಿದ್ದು."

ಸುಗಿಮೊರಿ ಮನೆಯೊಳಗೆ ಹೋದವರು, ಬಿಸ್ಕತ್ತಿನ ಹಳೆಯ ತಗಡಿನ ಡಬ್ಬಿಯೊಂದನ್ನು ತೋಳು ಚಾಚಿ ಹಿಡಿದು ಬಂದರು. ಅತಾಗೊ ಚೀಟಿಯ ಪಕ್ಕದಲ್ಲೇ ಇತ್ತಂತೆ. ಮುಚ್ಚಳ ತೆಗೆದಾಗ ಅದೇ ಹುಳಿವಾಸನೆ. ಸಣ್ಣ ಸುರುಳಿಗಳು ಕರಗಿ ಒಂದೇ ಮುದ್ದೆಯಾಗಿ, ಮೇಲೆ ಕಂದು ಪುಡಿ ಹಾಸಿತ್ತು. ಒಲೆ ಹೊತ್ತಿಸುವುದು ಅದರ ಕೆಳಗೇ, ದಿನಕ್ಕೆ ಮೂರು ಹೊತ್ತು.

ಸುತ್ತ ನಿಂತಿದ್ದವರಲ್ಲಿ ಐವತ್ತು ದಾಟಿದವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಯಾರೋ ಸದ್ದಿಲ್ಲದೆ ಒಳಗೆ ಹೋದರು. "ನಮ್ಮ ಅಟ್ಟದಲ್ಲಿ ಅಣ್ಣಂದು ಒಂದಿರ್ಬೇಕು," ಎಂದಿತು ಒಂದು ದನಿ. "ಮಗ್ಗದ ಕೆಳಗೆ ನಮ್ದು," ಎಂದಿತು ಇನ್ನೊಂದು. ನಡೆಯಲಾಗದ ಅಜ್ಜಿ ಹಾಸಿಗೆಯಿಂದಲೇ, ತನ್ನ ಮಗನದು ಬುದ್ಧನ ಪೀಠದ ಹಿಂದೆ, ಮೇಣದಬತ್ತಿಯ ಹತ್ತಿರ ಇದೆ ಎಂದು ಕೂಗಿ ಹೇಳಿದಳು. ಮುಂಚೆ ಒಬ್ಬರಿಗಿದ್ದ ಭಯ ಈಗ ಓಣಿಗೆಲ್ಲ ಇತ್ತು. ಆ ಸಂಜೆ ಯಾರ ಮನೆಯಲ್ಲೂ ಒಲೆ ಹೊತ್ತಿಸಲಿಲ್ಲ. ತಣ್ಣನೆಯ ಅನ್ನಕ್ಕೆ ಟೀ ಸುರಿದುಕೊಂಡು ತಿಂದರು, ಟೀ ಕೂಡ ತಣ್ಣಗಿತ್ತು.

ಜನ ಹೀಗೆ ಕೂಗಾಡುತ್ತಿದ್ದಾಗಲೂ ಕಿನು ಮಂಡಿಯೂರಿಯೇ ಇದ್ದರು. ಸುಗಿಮೊರಿ ಡಬ್ಬಿಯನ್ನು ಮರಳಿನ ಪಕ್ಕ ಇಟ್ಟು, ಕೈಯನ್ನು ಅಂಗಿಗೆ ಒರೆಸಿಕೊಂಡು, ಅವರ ಕಡೆ ನೋಡದೆ ಹೇಳಿದರು: "ಏಳಿ ಕಿನುಸಾನ್. ಬಾಗಿಲು ಬಾಗಿಲಿಗೆ ಹೋಗೋದಾದ್ರೆ ಎಲ್ರೂ ಎಲ್ರ ಮನೆಗೂ ಹೋಗ್ಬೇಕಾಗತ್ತೆ. ಮಂಡಿ ಸವೆದೋಗತ್ತೆ."

ಯಾರೂ ನಗಲಿಲ್ಲ. ಒತೊಸೆ ಬಂದು ಕಿನು ಅವರ ಮೆಟ್ಟುಗಳನ್ನು ಕಾಲ ಬಳಿ ಇಟ್ಟರು. ಆದರೆ ಅವತ್ತಿನಿಂದ ಅವರು ಕಿನು ಜೊತೆ ಮೊದಲಿನ ಹಾಗೆ ಮಾತಾಡುತ್ತಿಲ್ಲ.

ಕತ್ತರಿಸಿ ಉಳಿದ ಸುರುಳಿಯನ್ನು ಇಶಿಗುರೊ ಬಿಸಿಲು ಇಳಿದ ಮೇಲೆ ಒಯ್ದರು. ಮುಚ್ಚಳ ತೆರೆದಿತ್ತು, ವ್ಯಾನಿನ ಕಿಟಕಿಗಳೂ ತೆರೆದಿದ್ದವು. ಸುಲಭಕ್ಕೆ ಉರಿಯದ ಈಗಿನ ಫಿಲ್ಮಿಗೆ ಅದರ ಪ್ರತಿ ತೆಗೆಯುವ ಕೆಲಸ ನವೆಂಬರಿನಲ್ಲಿ, ಚಳಿ ಬಿದ್ದ ಮೇಲೆ ಶುರುವಾಗುತ್ತದೆ. ಬರುವ ಭಾನುವಾರ ಬೆಳಿಗ್ಗೆ, ಬಿಸಿಲೇರುವ ಮೊದಲು, ಅಗ್ನಿಶಾಮಕ ಠಾಣೆಯವರು ಇಶಿಗುರೊ ಜೊತೆಯಲ್ಲಿ ಓಣಿಗೆ ಬರುತ್ತಾರೆ. ಹನ್ನೊಂದು ಮನೆಯವರೂ ತಮ್ಮಲ್ಲಿರುವುದನ್ನು ಮುಚ್ಚಳ ತೆಗೆದು, ಬಾಗಿಲ ಹೊರಗೆ ನೆರಳಲ್ಲಿ ಇಟ್ಟಿರಬೇಕು.